ಅವಸರದ ಯಂತ್ರ, ಅವ್ವನ ದನಿ

ಯೆರವಡಾದಲ್ಲಿ ನಮ್ಮ ಕನ್ನಡ ಕಾರ್ಯಕ್ರಮದ ಕೇಳುಗರು ಸೇರಿದ್ದ ಸಂಜೆಕೂಟದಲ್ಲಿ ಆಡಿದ ಮಾತುಗಳ ಬರಹರೂಪ



ದಿನಾ ಗಾಜಿನ ಕೋಣೆಯೊಳಗೆ ಕೂತು, ಎದುರಿಗೆ ಯಾರೂ ಇಲ್ಲದೆ ಮಾತನಾಡುವವಳು ನಾನು. ಮುಖ ನೋಡಿಕೊಂಡು ಮಾತನಾಡುವುದೆಂದರೆ ಸ್ವಲ್ಪ ಅಳುಕು. ಅದರ ಮೇಲೆ ಇವತ್ತಿನ ವಿಷಯ ಬೇರೆ ಹಾಗಿದೆ: ಸಿ.ಡಿ. ಡ್ರೈವಿನ ವೇಗ! ಕನ್ನಡ ಬಿ.ಎ. ಮಾಡಿ, ಹಳಗನ್ನಡ ವ್ಯಾಕರಣದಲ್ಲಿ ಹೇಗೋ ದಡ ಸೇರಿದವಳಿಗೆ ಯಂತ್ರದ ಉಸಾಬರಿ ಯಾಕೆ ಎಂದು ನೀವು ಕೇಳಬಹುದು. ಕಾರಣ ಇದೆ. ನಾನೊಂದು ತಪ್ಪು ಮಾಡಿದೆ. ಅದನ್ನು ಮೊದಲು ಒಪ್ಪಿಕೊಂಡು, ಆಮೇಲೆ ಮುಂದಿನ ಮಾತು.

ನಮ್ಮ ಕಾರ್ಯಕ್ರಮದ ಹಳೆಯ ಕೇಳುಗರೊಬ್ಬರು ಇಲ್ಲೇ ಯೆರವಡಾದಲ್ಲಿದ್ದಾರೆ. ವಿಜಯಪುರದ ಕಡೆಯವರು. ಹೊಲಿಗೆ ಅಂಗಡಿ ಇಟ್ಟುಕೊಂಡು ನಲವತ್ತು ವರ್ಷದಿಂದ ಇಲ್ಲಿಯೇ ಬಾಳು. ಹೆಸರು ಹೇಳಬೇಡಿ ಎಂದಿದ್ದಾರೆ, ಆದ್ದರಿಂದ ಕಾಕಾ ಎಂದೇ ಕರೆಯುತ್ತೇನೆ. ಒಂದು ದಿನ ಅವರು ನಮ್ಮ ಕಚೇರಿಗೆ ಬಂದರು. ಅಂಗಿಯ ಬಟ್ಟೆಯಲ್ಲಿ ಸುತ್ತಿದ ಒಂದು ಸಿ.ಡಿ.ಯನ್ನು ಮೇಜಿನ ಮೇಲಿಟ್ಟರು.

"ಅಕ್ಕಾರ, ಇದರಾಗ ನಮ್ಮವ್ವನ ಧ್ವನಿ ಐತ್ರಿ. ಬೀಸೋ ಪದ ಹಾಡ್ಯಾಳ. ಒಮ್ಮೆರೆ ರೇಡಿಯೋದಾಗ ಹಚ್ಚಾಕ ಆಗ್ತೈತೇನ್ರಿ?"

2005ರಲ್ಲಿ ಊರಿಗೆ ಹೋದಾಗ ಅಣ್ಣನ ಮಗ ಟೇಪ್ ರೆಕಾರ್ಡರಿನಲ್ಲಿ ಹಿಡಿದದ್ದಂತೆ. ಆಮೇಲೆ ಯಾರೋ ಅದನ್ನು ಸಿ.ಡಿ.ಗೆ ಹಾಕಿಕೊಟ್ಟರು. ಸಿ.ಡಿ. ಬಂದಮೇಲೆ ಕ್ಯಾಸೆಟ್ ಯಾಕೆ ಎಂದು ಅದನ್ನು ಯಾರೋ ಎಸೆದರು. ಅವ್ವ ತೀರಿಕೊಂಡು ಬಹಳ ವರ್ಷವಾಯಿತು. ಈಗ ಉಳಿದಿರುವುದು ಇದೊಂದೇ ತಟ್ಟೆ.

ನಾನು ಅದನ್ನು ಕಂಪ್ಯೂಟರಿಗೆ ಹಾಕಿದೆ. ಡ್ರೈವು ವಿಮಾನ ಏರುವಂತೆ ಗುಂಯ್ ಎಂದು ಏರಿತು, ಟಕ್ ಟಕ್ ಎಂದಿತು, ಇಳಿಯಿತು, ಮತ್ತೆ ಏರಿತು. ಐದು ನಿಮಿಷದ ಮೇಲೆ ಪರದೆಯಲ್ಲಿ ಒಂದು ಸಾಲು: ಡಿಸ್ಕ್ ಓದಲಾಗುತ್ತಿಲ್ಲ. ಕಾರ್ಯಕ್ರಮಕ್ಕೆ ಹೊತ್ತಾಗಿತ್ತು. ನಾನು ತಟ್ಟೆಯನ್ನು ಹೊರತೆಗೆದು ಅವರ ಕೈಗಿಟ್ಟು, "ಕಾಕಾ, ಇದು ಹೋಗಿದೆ. ಇನ್ನು ಇಟ್ಟುಕೊಂಡು ಪ್ರಯೋಜನವಿಲ್ಲ" ಎಂದುಬಿಟ್ಟೆ.

ಅವರು ಏನೂ ಅನ್ನಲಿಲ್ಲ. ಬಟ್ಟೆಯನ್ನು ಮತ್ತೆ ಸುತ್ತಿದರು. ಮಡಿಕೆ ತಪ್ಪದಂತೆ, ನಾಲ್ಕು ಮೂಲೆಯೂ ಸರಿಯಾಗಿ. ಆ ಬೆರಳುಗಳನ್ನು ನೋಡಿದಾಗ ನನಗೆ ನಾಚಿಕೆಯಾಯಿತು. ಈ ಮನುಷ್ಯ ಒಂದು ಬಟ್ಟೆ ಮಡಿಸಲು ತೆಗೆದುಕೊಂಡಷ್ಟು ಹೊತ್ತನ್ನೂ ನಾನು ಅವರ ಅವ್ವನಿಗೆ ಕೊಟ್ಟಿರಲಿಲ್ಲ.

"ಕಾಕಾ, ಒಂದು ವಾರ ನನ್ನ ಹತ್ತಿರ ಬಿಡಿ" ಎಂದೆ.

ಆ ವಾರದಲ್ಲಿ ಕಲಿತದ್ದನ್ನೇ ಇವತ್ತು ನಿಮಗೆ ಹೇಳುತ್ತಿರುವುದು. ಒಂದೇ ಮಾತಿನಲ್ಲಿ ಹೇಳಬೇಕೆಂದರೆ: ಓದಲು ಬರದ ಸಿ.ಡಿ.ಗಳೆಲ್ಲ ಸತ್ತಿರುವುದಿಲ್ಲ. ಎಷ್ಟೋ ಸಲ ನಮ್ಮ ಯಂತ್ರ ಅದನ್ನು ವಿಪರೀತ ಅವಸರದಲ್ಲಿ ಓದಲು ಹೋಗಿ ಸೋತಿರುತ್ತದೆ. ವೇಗ ತಗ್ಗಿಸಿ ಕೇಳಿದರೆ ಅದೇ ತಟ್ಟೆ ಮಾತನಾಡೀತು.

ಮೊದಲು ನನ್ನ ನೆನಪಿಗೆ ಬಂದದ್ದು ನಮ್ಮ ಸ್ಟುಡಿಯೋದ ಮೂಲೆಯಲ್ಲಿ ಬಟ್ಟೆ ಹೊದ್ದು ಕೂತಿದ್ದ ಹಳೆಯ ಸಿ.ಡಿ. ಪ್ಲೇಯರ್. ಹಾಡು ನುಡಿಸುವುದೊಂದೇ ಅದರ ಕೆಲಸ. ಧೂಳು ಒರೆಸಿ, ಕಾಕಾ ಅವರ ತಟ್ಟೆ ಹಾಕಿದೆ. ಕಂಪ್ಯೂಟರ್ ಗುರುತೇ ಹಿಡಿಯದ ತಟ್ಟೆಯಿಂದ ಬೀಸುಕಲ್ಲಿನ ಸದ್ದು ಬಂತು! ಅದರ ಮೇಲೆ ಒಂದು ಮುದಿ ದನಿ. ಎಂಟು ಪದ ಸಲೀಸಾಗಿ ಓಡಿದವು. ಒಂಬತ್ತನೆಯದು ಅಲ್ಲಲ್ಲಿ ಕುಂಟಿತು. ಕೊನೆಯ ಮೂರು ಹಾರಿ ಹಾರಿ ಹೋದವು.

ಒಂದು ಯಂತ್ರಕ್ಕೆ ಬರದ್ದು ಇನ್ನೊಂದಕ್ಕೆ ಹೇಗೆ ಬಂತು? ಉತ್ತರ ವೇಗದಲ್ಲಿದೆ.

ಸಿ.ಡಿ. ಮಾರುಕಟ್ಟೆಗೆ ಬಂದದ್ದು 1982ರಲ್ಲಿ. ಫಿಲಿಪ್ಸ್ ಮತ್ತು ಸೋನಿ ಸೇರಿ ರೂಪಿಸಿದ ಈ ತಟ್ಟೆಯ ಅಗಲ 120 ಮಿಲಿಮೀಟರ್, ದಪ್ಪ 1.2 ಮಿಲಿಮೀಟರ್. ಅದರೊಳಗೆ ಒಂದೇ ಒಂದು ಸಾಲು, ಚಕ್ಕುಲಿಯ ಹಾಗೆ ಒಳಗಿನಿಂದ ಹೊರಕ್ಕೆ ಸುತ್ತಿಕೊಂಡಿದೆ. ಒಂದು ಸುತ್ತಿಗೂ ಪಕ್ಕದ ಸುತ್ತಿಗೂ ನಡುವೆ ಇರುವುದು ಮಿಲಿಮೀಟರಿನ ಸಾವಿರದ ಒಂದೂವರೆ ಪಾಲಿಗಿಂತ ತುಸು ಹೆಚ್ಚು, ಅಂದರೆ 1.6 ಮೈಕ್ರಾನ್. ಆ ಸಾಲನ್ನು ಬಿಚ್ಚಿ ಹಾಸಿದರೆ ಐದು ಕಿಲೋಮೀಟರಿಗೂ ಹೆಚ್ಚು. ಇಲ್ಲಿಂದ ಬಂಡ್ ಗಾರ್ಡನ್ ಸೇತುವೆ ದಾಟಿ ಪುಣೆ ಸ್ಟೇಷನ್ ಕಡೆ ಹೊರಟರೆ ಎಷ್ಟು ದೂರವೋ ಹೆಚ್ಚುಕಡಿಮೆ ಅಷ್ಟು ದಾರಿ ಒಂದು ಅಂಗೈಯಗಲದ ತಟ್ಟೆಯಲ್ಲಿದೆ.

ಈ ದಾರಿಯಲ್ಲಿ ಲೇಸರ್ ಕಿರಣ ಓದಿಕೊಂಡು ಹೋಗಬೇಕು. ಹಾಡು ನುಡಿಸುವ ಪ್ಲೇಯರ್ ನಡೆಯುವ ವೇಗ ಸೆಕೆಂಡಿಗೆ ಸುಮಾರು ಒಂದೂಕಾಲು ಮೀಟರ್. ಅಂದರೆ ಸಂಜೆ ವಾಯುವಿಹಾರಕ್ಕೆ ಹೊರಟವರ ನಡಿಗೆ. ಒಳಸುತ್ತಿನಲ್ಲಿದ್ದಾಗ ತಟ್ಟೆ ನಿಮಿಷಕ್ಕೆ ಸುಮಾರು 500 ಸುತ್ತು ತಿರುಗುತ್ತದೆ, ಹೊರಸುತ್ತಿಗೆ ಬಂದಾಗ ಸುಮಾರು 200 ಸುತ್ತು. ಇದಕ್ಕೆ ಒಂದು ಎಕ್ಸ್ ಎಂದು ಹೆಸರು. ಸಿ.ಡಿ. ಹುಟ್ಟಿದ್ದೇ ಈ ನಡಿಗೆಗೆ.

ಆಮೇಲೆ ಸಿ.ಡಿ. ಕಂಪ್ಯೂಟರಿಗೆ ಬಂತು. ಹಾಡಿಗಾದರೆ ಒಂದು ಎಕ್ಸ್ ಸಾಕು. ಹಾಡನ್ನು ಯಾರೂ ಐವತ್ತು ಪಟ್ಟು ವೇಗದಲ್ಲಿ ಕೇಳುವುದಿಲ್ಲ. ಆದರೆ ಕಡತಗಳಿಗೆ ಸೆಕೆಂಡಿಗೆ 150 ಕಿಲೋಬೈಟು ಎಂದರೆ ಎತ್ತಿನ ಗಾಡಿಯಾಯಿತು. ಆದ್ದರಿಂದ ಎರಡು ಎಕ್ಸ್, ನಾಲ್ಕು, ಎಂಟು, ಇಪ್ಪತ್ತನಾಲ್ಕು ಎಂದು ಪೈಪೋಟಿ ನಡೆದು, ಕೊನೆಗೆ 52 ಎಕ್ಸ್ ಎಂದು ಡಬ್ಬಿಯ ಮೇಲೆ ದಪ್ಪಕ್ಷರದಲ್ಲಿ ಬರೆಯುವ ಕಾಲ ಬಂತು. ಆ ವೇಗದಲ್ಲಿ ತಟ್ಟೆ ನಿಮಿಷಕ್ಕೆ ಸುಮಾರು 10,000 ಸುತ್ತು ತಿರುಗುತ್ತದೆ. ಲೆಕ್ಕ ಹಾಕಿದರೆ ಅದರ ಅಂಚು ಗಂಟೆಗೆ ಇನ್ನೂರು ಕಿಲೋಮೀಟರಿಗೂ ಮೀರಿದ ವೇಗದಲ್ಲಿ ಓಡುತ್ತಿರುತ್ತದೆ. ನಮ್ಮ ಮುಂಬೈ ಎಕ್ಸ್‌ಪ್ರೆಸ್ ಹೆದ್ದಾರಿಯಲ್ಲೂ ಯಾವ ಕಾರಿಗೂ ಆ ವೇಗಕ್ಕೆ ಅನುಮತಿ ಇಲ್ಲ! ಬಿರುಕು ಬಿಟ್ಟ ತಟ್ಟೆಗಳು ಅಷ್ಟು ವೇಗದಲ್ಲಿ ಡ್ರೈವಿನೊಳಗೇ ಚೂರಾದ ಪ್ರಸಂಗಗಳೂ ಇವೆ. ಸಿ.ಡಿ. ನಿಜಕ್ಕೂ ಸಿಡಿದದ್ದು ಆವಾಗಲೇ. ಅದಕ್ಕಿಂತ ಮುಂದೆ ಹೋಗುವುದು ಜಾಣತನವಲ್ಲ ಎಂದು ಪೈಪೋಟಿ ಅಲ್ಲಿಗೆ ನಿಂತಿತು.

ಇನ್ನೊಂದು ಮಾತು. 52 ಎಕ್ಸ್ ಎಂಬುದು ತಟ್ಟೆಯ ತುತ್ತತುದಿಯ ಸುತ್ತಿನಲ್ಲಿ ಮಾತ್ರ ನಿಜ. ಇಂಥ ಡ್ರೈವು ತಟ್ಟೆಯನ್ನು ಒಂದೇ ಸಮನೆ ತಿರುಗಿಸುತ್ತದೆ. ಒಳಸುತ್ತು ಚಿಕ್ಕದು, ಹೊರಸುತ್ತು ದೊಡ್ಡದು. ಆದ್ದರಿಂದ ಒಳಗೆ ಓದುವ ವೇಗ ಇಪ್ಪತ್ತೆರಡು ಎಕ್ಸ್ ಆಸುಪಾಸಿನಲ್ಲಿದ್ದು, ಹೊರಕ್ಕೆ ಹೋದಂತೆ ಏರುತ್ತದೆ. ನಮ್ಮ ಕೈ ತಾಗುವುದು, ಗೀರು ಬೀಳುವುದು, ಕೆಲವು ತಟ್ಟೆಗಳಲ್ಲಿ ಬಣ್ಣದ ಪದರ ಕೆಡಲು ಶುರುವಾಗುವುದು ಅಂಚಿನ ಕಡೆಗೇ. ತಟ್ಟೆ ದುರ್ಬಲವಾಗಿರುವ ಜಾಗದಲ್ಲೇ ಯಂತ್ರದ ಓಟವೂ ಜೋರು. ಕಾಕಾ ಅವರ ಕೊನೆಯ ಪದಗಳು ಸಿಕ್ಕಿಬಿದ್ದದ್ದು ಅಲ್ಲಿಯೇ.

ವೇಗ ಹೆಚ್ಚಾದರೆ ಓದು ಯಾಕೆ ಕೆಡುತ್ತದೆ? ಯಾವ ತಟ್ಟೆಯೂ ಪೂರ್ತಿ ಸಮತಟ್ಟಲ್ಲ, ಯಾವ ತೂತೂ ಪೂರ್ತಿ ನಡುವಿನಲ್ಲಿರುವುದಿಲ್ಲ. ತಿರುಗುವಾಗ ತಟ್ಟೆ ತುಸು ಏರಿಳಿಯುತ್ತದೆ, ತುಸು ಅತ್ತಿತ್ತ ಸರಿಯುತ್ತದೆ. ಕೆಳಗಿರುವ ಪುಟ್ಟ ಮಸೂರ ಆ ಏರಿಳಿತಕ್ಕೆ ತಕ್ಕಂತೆ ತಾನೂ ಕುಣಿದು, ಕಿರಣವನ್ನು ಸಾಲಿನ ಮೇಲೆಯೇ ನಿಲ್ಲಿಸಬೇಕು. ನಿಮಿಷಕ್ಕೆ 500 ಸುತ್ತಾದರೆ ಸೆಕೆಂಡಿಗೆ ಎಂಟು ಸಲ ಕುಣಿದರಾಯಿತು. ಹತ್ತು ಸಾವಿರ ಸುತ್ತಾದರೆ ಸೆಕೆಂಡಿಗೆ ನೂರ ಅರವತ್ತಕ್ಕೂ ಹೆಚ್ಚು ಸಲ. ಸುತ್ತು ಇಪ್ಪತ್ತು ಪಟ್ಟಾದರೆ ಮಸೂರವನ್ನು ಅಷ್ಟೇ ದೂರ ಕುಣಿಸಲು ಬೇಕಾದ ಬಲ ಇಪ್ಪತ್ತು ಪಟ್ಟಲ್ಲ, ನಾನೂರು ಪಟ್ಟು. ತಟ್ಟೆ ಹೊಸದಾಗಿದ್ದರೆ ನಿಭಾಯಿಸುತ್ತದೆ. ಹಳೆಯದಾಗಿ, ತುಸು ಬಾಗಿ, ಗೀರು ಬಿದ್ದು, ಬಣ್ಣ ಮಾಸಿ, ಮರಳಿ ಬರುವ ಬೆಳಕೇ ಮಂಕಾಗಿದ್ದರೆ ಕಿರಣ ಸಾಲು ತಪ್ಪುತ್ತದೆ. ತಟ್ಟೆಯ ಮೇಲೆ ಒಂದು ಕಡೆ ಕಾಗದದ ಚೀಟಿ ಅಂಟಿಸಿದ್ದರಂತೂ ತೂಕ ಓರೆಯಾಗಿ ಇಡೀ ಡ್ರೈವೇ ನಡುಗುತ್ತದೆ.

ನಮ್ಮ ಉದ್ಯೋಗದವರಿಗೆ ಇದು ಅರ್ಥವಾಗುವ ಕಷ್ಟ. ಅಚ್ಚುಕಟ್ಟಾಗಿ ಟೈಪಾದ ಪ್ರತಿಯನ್ನು ಎಷ್ಟು ವೇಗವಾಗಿ ಬೇಕಾದರೂ ಓದಬಹುದು. ಕೊನೆಯ ಗಳಿಗೆಯಲ್ಲಿ ಯಾರೋ ಕೈಬರಹದಲ್ಲಿ ಗೀಚಿದ ಚೀಟಿ ಬಂದರೆ, ಅದರ ಮೇಲೆ ಚಹಾ ಬೇರೆ ಚೆಲ್ಲಿದ್ದರೆ, ವೇಗ ತಾನಾಗಿಯೇ ತಗ್ಗುತ್ತದೆ. ತಗ್ಗಿಸದವರು ತೊದಲುತ್ತಾರೆ. ನಿಧಾನವೇ ಪ್ರಧಾನ ಎಂದು ಹಿರಿಯರು ಹೇಳಿದ್ದು ಸುಮ್ಮನೆ ಅಲ್ಲ.

ಆದರೆ ಒಂದು ಎಚ್ಚರ. ಹಳೆಯ ಪ್ಲೇಯರ್ ಚೆನ್ನಾಗಿ ನುಡಿಸಿತು ಎಂದರೆ ಎಲ್ಲವನ್ನೂ ಸರಿಯಾಗಿ ಓದಿತು ಎಂದೇ ಅರ್ಥವಲ್ಲ. ಓದಲಾಗದ ಕಡೆ ಅದು ಅಕ್ಕಪಕ್ಕದ ಸದ್ದನ್ನು ನೋಡಿ ನಡುವಿನದನ್ನು ಊಹಿಸಿ ತುಂಬಿಬಿಡುತ್ತದೆ. ಕಿವಿಗೆ ಗೊತ್ತಾಗುವುದಿಲ್ಲ. ಒಮ್ಮೆ ಕೇಳಿ ಮರೆಯುವುದಕ್ಕೆ ಅದು ಸಾಕು. ಅವ್ವನ ದನಿಯನ್ನು ಮೊಮ್ಮಕ್ಕಳಿಗೆ ಉಳಿಸುವುದಕ್ಕೆ ಊಹೆ ಸಾಲದು, ನಿಜವಾದ ಓದು ಬೇಕು.

ಇಲ್ಲಿ ನನ್ನ ಬಿ.ಎ. ಉಪಯೋಗಕ್ಕೆ ಬಂತು ನೋಡಿ.

ಈ ಯೆರವಡಾದಲ್ಲೇ ಡೆಕ್ಕನ್ ಕಾಲೇಜು ಇದೆ. 1821ರಲ್ಲಿ ಪುಣೆಯಲ್ಲಿ ಸಂಸ್ಕೃತ ಪಾಠಶಾಲೆಯಾಗಿ ಶುರುವಾದ ಸಂಸ್ಥೆ, 1868ರಲ್ಲಿ ಈ ಆವರಣಕ್ಕೆ ಬಂತು. ಅಲ್ಲಿ ಸಂಸ್ಕೃತ ಕಲಿಸಿದ ಕೆ. ಬಿ. ಪಾಠಕರು 1898ರಲ್ಲಿ 'ಕವಿರಾಜಮಾರ್ಗ'ವನ್ನು ಸಂಪಾದಿಸಿ ಅಚ್ಚಿಗೆ ತಂದರು. ಒಂಬತ್ತನೆಯ ಶತಮಾನದ, ನಮಗೆ ಸಿಕ್ಕಿರುವ ಅತ್ಯಂತ ಹಳೆಯ ಕನ್ನಡ ಗ್ರಂಥ ಅದು. 1958ರಲ್ಲಿ ಆಡುಗನ್ನಡದ ಬಗ್ಗೆ ವಿಲಿಯಂ ಬ್ರೈಟ್ ಅವರ ಪುಸ್ತಕ ಪ್ರಕಟವಾದದ್ದೂ ಇದೇ ಕಾಲೇಜಿನಿಂದ. ಬರೆದ ಕನ್ನಡವನ್ನೂ ಆಡಿದ ಕನ್ನಡವನ್ನೂ ಹೀಗೆ ಎಚ್ಚರದಿಂದ ನೋಡಿಕೊಂಡ ಜಾಗ ನಮ್ಮ ಪಕ್ಕದಲ್ಲೇ ಇದೆ.

ಹಳೆಯ ಪ್ರತಿ ಓದುವವರ ಕಷ್ಟ ಏನು? ಹುಳು ತಿಂದಿರುತ್ತದೆ, ಅಂಚು ಮುರಿದಿರುತ್ತದೆ, ಬರೆದವನು ಒಂದಕ್ಷರ ನುಂಗಿರುತ್ತಾನೆ. ತಪ್ಪು ಆಗಿದೆ ಎಂದು ಗೊತ್ತಾಗುವುದು ಹೇಗೆ? ಛಂದಸ್ಸು ಹೇಳಿಕೊಡುತ್ತದೆ. ಕಂದಪದ್ಯದಲ್ಲಿ ಸಾಲುಗಳಿಗೆ ಕ್ರಮವಾಗಿ 12, 20, 12, 20, ಒಟ್ಟು 64 ಮಾತ್ರೆ ಇರಬೇಕು. ಎಣಿಸಿದಾಗ 63 ಬಂದರೆ ಎಲ್ಲೋ ಏನೋ ಕಳೆದಿದೆ. ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ಪ್ರಾಸ ಇರಬೇಕು. ಮೂರು ಸಾಲಿನಲ್ಲಿ ಒಂದೇ ವ್ಯಂಜನ ಇದ್ದು ನಾಲ್ಕನೆಯದರಲ್ಲಿ ಹುಳು ತಿಂದಿದ್ದರೆ, ಅಲ್ಲಿ ಯಾವ ಅಕ್ಷರ ಇತ್ತೆಂದು ಹೇಳಬಹುದು. ಕವಿ ಅಂದಕ್ಕೆಂದು ಹಾಕಿದ ಕಟ್ಟು ಸಾವಿರ ವರ್ಷದ ಮೇಲೆ ಕಾವಲಾಯಿತು.

ಸಿ.ಡಿ.ಯಲ್ಲೂ ಇಂಥದೇ ಛಂದಸ್ಸಿದೆ. ಹಾಡಿನ ಪ್ರತಿ 24 ಬೈಟುಗಳ ಜೊತೆಗೆ 8 ಕಾವಲು ಬೈಟುಗಳನ್ನು ಲೆಕ್ಕ ಮಾಡಿ ಸೇರಿಸಿರುತ್ತಾರೆ. ಸಾಲದ್ದಕ್ಕೆ ಬೈಟುಗಳನ್ನು ಒಂದೇ ಕಡೆ ಇಡದೆ ದೂರದೂರಕ್ಕೆ ಹರಡಿರುತ್ತಾರೆ. ಒಂದು ಕಡೆ ಗೀರು ಬಿದ್ದರೂ ಪ್ರತಿ ಗುಂಪಿನಲ್ಲಿ ಒಂದೆರಡು ಮಾತ್ರ ಹೋಗಿ, ಉಳಿದವುಗಳಿಂದ ಹೋದದ್ದನ್ನು ಕಟ್ಟಿಕೊಳ್ಳಬಹುದು. ಸಾಲಿನ ಉದ್ದಕ್ಕೆ ಸುಮಾರು ಎರಡೂವರೆ ಮಿಲಿಮೀಟರಿನಷ್ಟು ಅಳಿಸಿಹೋದರೂ ಹೀಗೆ ಪೂರ್ತಿ ಸರಿಪಡಿಸಿಕೊಳ್ಳುವ ಶಕ್ತಿ ಅದಕ್ಕಿದೆ. ಕಡತಗಳಿರುವ ಸಿ.ಡಿ.ಯಲ್ಲಿ ಇನ್ನೂ ಒಂದು ಕಾವಲಿದೆ. ಅಲ್ಲಿ 2352 ಬೈಟುಗಳ ಒಂದೊಂದು ಖಂಡದಲ್ಲಿ ನಮ್ಮ ಮಾಹಿತಿಗೆ ಸಿಗುವುದು 2048 ಮಾತ್ರ. ಉಳಿದದ್ದರಲ್ಲಿ ಬಹುಪಾಲು ತಪ್ಪು ಹಿಡಿಯಲು, ತಿದ್ದಲು ಮೀಸಲು. ಹಾಡಿನ ಸಿ.ಡಿ.ಗೆ ಈ ಕೊನೆಯ ಕಾವಲು ಇಲ್ಲ.

ಆದರೆ ಯಾವ ಕಾವಲಿಗೂ ಒಂದು ಮಿತಿ ಇದೆ. ಒಂದು ಪದ್ಯದಲ್ಲಿ ಒಂದಕ್ಷರ ಹೋದರೆ ಪಂಡಿತರು ಕಟ್ಟಿಕೊಡುತ್ತಾರೆ, ಅರ್ಧ ಪದ್ಯವೇ ಹೋದರೆ? ತಟ್ಟೆಯ ಮೇಲಿನ ಹಾನಿಯ ಜೊತೆಗೆ ಯಂತ್ರದ ಅವಸರದ ತಪ್ಪುಗಳೂ ಕೂಡಿಕೊಂಡಾಗ ಆ ಮಿತಿ ದಾಟುತ್ತದೆ. ವೇಗ ತಗ್ಗಿಸಿದರೆ ಅವಸರದ ತಪ್ಪುಗಳು ಕಡಿಮೆಯಾಗುತ್ತವೆ. ಉಳಿದ ನಿಜವಾದ ಹಾನಿಯನ್ನು ಕಾವಲು ಬೈಟುಗಳು ನೋಡಿಕೊಳ್ಳುತ್ತವೆ. ನಿಧಾನಿಸಿದರೆ ಗೀರು ಮಾಯವಾಗುವುದಿಲ್ಲ. ತಿದ್ದುವವನ ಕೈಗೆ ಕೆಲಸ ನಿಭಾಯಿಸುವಷ್ಟಕ್ಕೆ ಇಳಿಯುತ್ತದೆ, ಅಷ್ಟೇ. ಆ ಅಷ್ಟೇ ಸಾಕು.

ನೀವು ಕೇಳಬಹುದು: ಓದಲು ಕಷ್ಟವಾದರೆ ಡ್ರೈವು ತಾನೇ ನಿಧಾನ ಮಾಡುವುದಿಲ್ಲವೇ? ಮಾಡುತ್ತದೆ. ಆದರೆ ಅದರ ಸ್ವಭಾವ ನಮ್ಮ ರಿಕ್ಷಾದವರಂತೆ. ಗುಂಡಿ ಬಂದಾಗ ಬ್ರೇಕು, ದಾಟಿದೊಡನೆ ಮತ್ತೆ ಓಟ, ಮತ್ತೆ ಗುಂಡಿ. ನಾನು ಕೇಳಿದ ಗುಂಯ್, ಟಕ್ ಟಕ್ ಅದೇ. ಏರಿ ಇಳಿದು ಮತ್ತೆ ಪ್ರಯತ್ನಿಸುವಷ್ಟರಲ್ಲಿ ಕಂಪ್ಯೂಟರಿನ ತಾಳ್ಮೆ ಮುಗಿದು "ಆಗುವುದಿಲ್ಲ" ಎಂದುಬಿಡುತ್ತದೆ. ಅದರ ಬದಲು ಮೊದಲೇ "ನೀನು ನಾಲ್ಕು ಎಕ್ಸಿಗಿಂತ ಮುಂದೆ ಹೋಗಬೇಡ" ಎಂದು ಕಟ್ಟಿಹಾಕಿದರೆ ಒಂದೇ ಸಮನೆ ನಡೆದುಕೊಂಡು ಹೋಗುತ್ತದೆ.

ಹೀಗೆ ಹೇಳುವುದಕ್ಕೆ ದಾರಿ ಇದೆ. ಡ್ರೈವುಗಳಿಗೆ ವೇಗ ಗೊತ್ತುಮಾಡುವ ಒಂದು ಆದೇಶ ಅವುಗಳ ನಿಯಮಾವಳಿಯಲ್ಲೇ ಇದೆ. ಅದನ್ನು ಕಳಿಸುವ ತಂತ್ರಾಂಶ ಬೇಕು. ಲಿನಕ್ಸ್ ಇರುವವರಿಗೆ ಸುಲಭ: ತಟ್ಟೆ ಹೊರದೂಡುವ 'ಎಜೆಕ್ಟ್' ಎಂಬ ಆದೇಶಕ್ಕೇ ಸಣ್ಣಕ್ಷರದ ಎಕ್ಸ್ ಗುರುತೂ ವೇಗದ ಅಂಕಿಯೂ ಸೇರಿಸಿದರೆ ಅದು ವೇಗ ಕಟ್ಟುತ್ತದೆ. 'ಎಚ್‌ಡಿಪಾರ್ಮ್' ಎಂಬುದಕ್ಕೆ ದೊಡ್ಡಕ್ಷರದ ಇ ಸೇರಿಸಿದರೂ ಅದೇ ಕೆಲಸ. ವಿಂಡೋಸಿನಲ್ಲಿ 'ನೀರೋ ಡ್ರೈವ್‌ಸ್ಪೀಡ್', 'ಸಿಡಿಬ್ರೆಮ್ಸೆ' ಎಂಬ ಪುಟ್ಟ ತಂತ್ರಾಂಶಗಳಿದ್ದವು. ಬ್ರೆಮ್ಸೆ ಎಂದರೆ ಜರ್ಮನ್ ಭಾಷೆಯಲ್ಲಿ ಬ್ರೇಕು, ಹೆಸರೇ ಕೆಲಸ ಹೇಳುತ್ತದೆ. ಹಾಡಿನ ಸಿ.ಡಿ.ಯಾದರೆ 'ಎಕ್ಸಾಕ್ಟ್ ಆಡಿಯೋ ಕಾಪಿ' ಅಥವಾ ಲಿನಕ್ಸಿನ 'ಸಿಡಿಪ್ಯಾರನೋಯಾ' ಒಳ್ಳೆಯವು. ಇವುಗಳಲ್ಲೂ ವೇಗ ತಗ್ಗಿಸಬಹುದು. ಜೊತೆಗೆ ಇವು ಒಂದೇ ಜಾಗವನ್ನು ಮತ್ತೆ ಮತ್ತೆ ಓದಿ, ಓದುಗಳನ್ನು ಹೋಲಿಸಿ, ಅನುಮಾನ ಇದ್ದ ಕಡೆ ಹೇಳುತ್ತವೆ. ಕಡತಗಳ, ಫೋಟೋಗಳ ಸಿ.ಡಿ.ಯಾದರೆ 'ಡಿಡಿರೆಸ್ಕ್ಯೂ'. ಅದು ಸುಲಭವಾಗಿ ಬರುವುದನ್ನೆಲ್ಲ ಮೊದಲು ಎತ್ತಿಕೊಂಡು, ಬರದ ಜಾಗಗಳನ್ನು ಬರೆದಿಟ್ಟುಕೊಂಡು, ಆಮೇಲೆ ಅಷ್ಟಕ್ಕೇ ಮರಳಿ ಬರುತ್ತದೆ.

ನಾನು ಮಾಡಿದ ಕ್ರಮ ಹೇಳುತ್ತೇನೆ, ಬರೆದುಕೊಳ್ಳುವವರು ಬರೆದುಕೊಳ್ಳಿ.

ಮೊದಲು ತಟ್ಟೆ ತೊಳೆದೆ. ಬರೀ ನೀರು, ಒಂದು ಹನಿ ಮೆದುವಾದ ಸೋಪು, ಮೆತ್ತನೆ ಹತ್ತಿ ಬಟ್ಟೆ. ಒರೆಸುವುದು ನಡುವಿನಿಂದ ಅಂಚಿನ ಕಡೆಗೆ ನೇರವಾಗಿ. ಗುಂಡಗೆ ಒರೆಸಿದರೆ, ಬಟ್ಟೆಯಲ್ಲಿ ಒಂದು ಮರಳಿನ ಕಣ ಇದ್ದರೂ, ಗೀರು ಸಾಲಿನ ಉದ್ದಕ್ಕೇ ಬಿದ್ದು ತಿದ್ದಲಾಗದ ಹಾನಿಯಾಗುತ್ತದೆ. ಅಡ್ಡ ಗೀರು ಅಷ್ಟು ಕೆಟ್ಟದ್ದಲ್ಲ. ಸಿ.ಡಿ.ಯ ಹೆಸರು ಬರೆಯುವ ಮೇಲುಭಾಗವನ್ನು ಇನ್ನೂ ಹುಷಾರಾಗಿ ಹಿಡಿಯಬೇಕು. ಮಾಹಿತಿಯ ಪದರ ಇರುವುದು ಆ ಕಡೆಗೇ, ಅರಗಿನ ತೆಳು ಲೇಪದ ಕೆಳಗೆ. ಕೆಳಭಾಗದ ಗೀರಿಗೆ ಮದ್ದುಂಟು, ಮೇಲಿನ ಗೀರಿಗೆ ಇಲ್ಲ.

ಎರಡನೆಯದು, ವೇಗವನ್ನು ಎಂಟು ಎಕ್ಸಿಗೆ ಕಟ್ಟಿದೆ. ಕಂಪ್ಯೂಟರ್ ತಟ್ಟೆಯನ್ನು ಗುರುತಿಸಿತು. ಹನ್ನೆರಡು ಪದಗಳ ಪಟ್ಟಿ ಬಂತು. ನನಗೆ ಮತ್ತೊಮ್ಮೆ ನಾಚಿಕೆಯಾಯಿತು. "ಹೋಗಿದೆ" ಎಂದಿದ್ದೆನಲ್ಲ! ಒಂಬತ್ತು ಪದ ಎರಡು ಸಲ ಓದಿದರೂ ಒಂದೇ ಥರ ಬಂದವು. ಎರಡು ಓದು ಒಂದೇ ಆದರೆ ಊಹೆ ಬೆರೆತಿಲ್ಲ ಎಂಬ ಧೈರ್ಯ ಬರುತ್ತದೆ.

ಮೂರನೆಯದು, ಉಳಿದ ಮೂರಕ್ಕೆ ನಾಲ್ಕು ಎಕ್ಸ್. ಇಷ್ಟು ನಿಧಾನದಲ್ಲಿ ಎಂಬತ್ತು ನಿಮಿಷದ ತಟ್ಟೆ ಓದಲು ಇಪ್ಪತ್ತು ನಿಮಿಷವಾದರೂ ಬೇಕು. ಕೆಟ್ಟ ಜಾಗಗಳಲ್ಲಿ ಗಂಟೆಗಟ್ಟಲೆ. ರಾತ್ರಿ ಅನ್ನ ಸಾರು ಮಾಡಿಟ್ಟು, ಅದನ್ನು ಓದಲು ಬಿಟ್ಟು ಮಲಗಿದೆ. ಬೆಳಿಗ್ಗೆ ಎರಡು ಪದ ಸಿಕ್ಕಿದ್ದವು. ಇಲ್ಲಿ ಒಂದು ಮಾತು ನೆನಪಿರಲಿ: ಕಡಿಮೆ ಎಂದರೆ ಯಾವಾಗಲೂ ಒಳ್ಳೆಯದು ಎಂದಲ್ಲ. ಕೆಲವು ಡ್ರೈವುಗಳು ತೀರಾ ಕೆಳಗಿನ ವೇಗಕ್ಕೆ ಒಪ್ಪುವುದೇ ಇಲ್ಲ, ಕೆಲವು ಅಲ್ಲಿ ಇನ್ನಷ್ಟು ತಡವರಿಸುತ್ತವೆ. ಎಂಟು, ನಾಲ್ಕು, ಹದಿನಾರು ಎಂದು ಬದಲಿಸಿ ನೋಡಬೇಕು. ತಟ್ಟೆ ಹೊರತೆಗೆದು ಮತ್ತೆ ಹಾಕಿದಾಗ ಕಟ್ಟಿದ ವೇಗ ಅಳಿಸಿಹೋಗಿರಬಹುದು, ಮತ್ತೆ ಕಟ್ಟಬೇಕು.

ನಾಲ್ಕನೆಯದು, ಡ್ರೈವನ್ನೇ ಬದಲಿಸುವುದು. ಹನ್ನೆರಡನೆಯ ಪದ ನನ್ನ ಡ್ರೈವಿಗೆ ಬಗ್ಗಲಿಲ್ಲ. ಸ್ನೇಹಿತೆಯ ಮನೆಯಲ್ಲಿ ಕಪಾಟಿನ ಮೇಲಿದ್ದ ಹಳೆಯ ಲ್ಯಾಪ್‌ಟಾಪ್ ತಂದೆ. ಒಬ್ಬ ಪಂಡಿತನಿಗೆ ಕಾಣದ ಅಕ್ಷರ ಇನ್ನೊಬ್ಬನಿಗೆ ಕಂಡಂತೆ, ಒಂದು ಡ್ರೈವಿಗೆ ಸಿಗದ್ದು ಇನ್ನೊಂದಕ್ಕೆ ಸಿಗುತ್ತದೆ. ಸಿಕ್ಕಿತು. ಪೂರ್ತಿ ಅಲ್ಲ. ಎರಡು ಕಡೆ, ಎಷ್ಟು ಸಲ ಓದಿಸಿದರೂ ಒಂದೊಂದು ಸಲ ಒಂದೊಂದು ಥರ ಬಂತು. ಅಲ್ಲಿ ಬಣ್ಣದ ಪದರವೇ ಹೋಗಿರಬೇಕು. ನಿಧಾನಕ್ಕೂ ಒಂದು ಮಿತಿ ಇದೆ. ಇಲ್ಲದ ಅಕ್ಷರವನ್ನು ಯಾವ ವೇಗದಲ್ಲೂ ಓದಲಾಗದು. ಆ ಎರಡು ಜಾಗವನ್ನು ಮುಚ್ಚಿ ಚಂದ ಮಾಡಲಿಲ್ಲ, ಇದ್ದ ಹಾಗೇ ಬಿಟ್ಟೆ. ಪಂಡಿತರು ಹೋದ ಅಕ್ಷರದ ಜಾಗದಲ್ಲಿ ಚುಕ್ಕೆ ಇಡುತ್ತಾರಲ್ಲ, ಹಾಗೆ.

ಐದನೆಯದು, ಎಲ್ಲಕ್ಕಿಂತ ಮುಖ್ಯ. ಓದಿದ ಕೂಡಲೇ ಪ್ರತಿ ಮಾಡಿದೆ. ಒಂದು ಕಾಕಾ ಅವರ ಮಗನ ಕಂಪ್ಯೂಟರಿನಲ್ಲಿ, ಒಂದು ಪೆನ್‌ಡ್ರೈವಿನಲ್ಲಿ, ಒಂದು ವಿಜಯಪುರದ ಮನೆಗೆ. ಕ್ಯಾಸೆಟ್ ಎಸೆದ ತಪ್ಪು ಎರಡನೆಯ ಸಲ ಆಗಬಾರದು. ಹಳೆಯ ತಟ್ಟೆಯನ್ನೂ ಎಸೆಯಲಿಲ್ಲ.

ಭಾನುವಾರ ಕಾಕಾ ಬಂದರು, ಕಾಕುವೂ ಜೊತೆಗೆ. ಇಯರ್‌ಫೋನ್ ಬೇಡ ಎಂದರು, ಸ್ಪೀಕರಿನಲ್ಲೇ ಹಾಕಿದೆ. ಹನ್ನೊಂದು ಪದ ತಲೆ ತಗ್ಗಿಸಿ ಕೇಳಿದರು. ಹನ್ನೆರಡನೆಯದು ಶುರುವಾಗಿ, ಒಂದು ಕಡೆ ಟಕ್ ಎಂದಿತು, ಇನ್ನೊಂದು ಕಡೆ ಟಕ್ ಎಂದಿತು. ಪದ ಮುಗಿಯಿತು. ಬೀಸುಕಲ್ಲು ನಿಂತಿತು. ಆಮೇಲೆ, ನಾನು ಗಮನಿಸದೇ ಬಿಟ್ಟಿದ್ದ ಒಂದು ಮಾತು, ಹಾಡಲ್ಲ, ಸುಮ್ಮನೆ ಆಡುಮಾತು: "ಸಾಕ್ ಬಂದ್ ಮಾಡೋ ತಮ್ಮಾ, ಹಿಟ್ಟು ಆತು."

ಕಾಕಾ ಎದ್ದು ಕಿಟಕಿಯ ಕಡೆ ಹೋಗಿ ನಿಂತರು. ಸ್ವಲ್ಪ ಹೊತ್ತಿನ ಮೇಲೆ, "ನಮ್ಮವ್ವ ಹಿಂಗಽ ಮಾತಾಡ್ತಿದ್ಲು. ಪದ ನನಗ ನೆನಪಿದ್ವು ಅಕ್ಕಾರ. ಈ ಮಾತು ಮರತಿದ್ದೆ" ಎಂದರು.

ಬಂಧುಗಳೇ, ಆ ಮಾತು ಇದ್ದದ್ದು ತಟ್ಟೆಯ ಕೊನೆಯ ಸುತ್ತುಗಳಲ್ಲಿ. ಅವಸರದ ಯಂತ್ರ ಮೊದಲು ಕೈಬಿಡುವ ಜಾಗದಲ್ಲಿ.

ನಿಮ್ಮಲ್ಲಿ ಎಷ್ಟೋ ಜನರ ಮನೆಯ ಕಪಾಟಿನಲ್ಲಿ ಮದುವೆಯ, ನಾಮಕರಣದ, ಊರ ಜಾತ್ರೆಯ ಸಿ.ಡಿ., ಡಿ.ವಿ.ಡಿ.ಗಳಿವೆ. ಡಿ.ವಿ.ಡಿ.ಗೂ ಇದೇ ಮಾತು ಸಲ್ಲುತ್ತದೆ. ಅದರ ಸುತ್ತುಗಳು ಇನ್ನೂ ಒತ್ತೊತ್ತಾಗಿವೆ, ಅದನ್ನು ಇನ್ನೂ ಮೆಲ್ಲಗೆ ಕೇಳಬೇಕು. ಮನೆಯಲ್ಲಿ ಬರೆದ ಈ ತಟ್ಟೆಗಳ ಬಣ್ಣದ ಪದರ ಶಾಶ್ವತವಲ್ಲ, ಬಿಸಿಲು, ಸೆಕೆ, ತೇವ ಅದನ್ನು ತಿನ್ನುತ್ತವೆ. ಅತ್ತ ಹೊಸ ಲ್ಯಾಪ್‌ಟಾಪುಗಳಲ್ಲಿ ಡ್ರೈವೇ ಇರುವುದಿಲ್ಲ. ಹೊರಗಿನಿಂದ ಜೋಡಿಸುವ ಡ್ರೈವು ಇನ್ನೂ ಅಂಗಡಿಯಲ್ಲಿ ಸಿಗುತ್ತದೆ, ನಾಲ್ಕು ಮನೆಯವರು ಸೇರಿ ಒಂದು ಕೊಂಡರೆ ಸಾಕು. ಆದ್ದರಿಂದ ಓದುವುದನ್ನು ನಿಧಾನ ಮಾಡಿ, ಓದಲು ಶುರುಮಾಡುವುದನ್ನು ನಿಧಾನ ಮಾಡಬೇಡಿ.

ಯಾರಾದರೂ ಅವಸರದಲ್ಲಿ, ನನ್ನ ಹಾಗೆ, "ಇದು ಹೋಗಿದೆ" ಎಂದರೆ ನಂಬಬೇಡಿ. "ಎಷ್ಟು ಎಕ್ಸಿನಲ್ಲಿ ಓದಿ ನೋಡಿದಿರಿ?" ಎಂದು ಕೇಳಿ.

ಕಾಕಾ ಅವರ ಅವ್ವನ ಪದಗಳಲ್ಲಿ ಒಂದನ್ನು ನಮ್ಮ ಕಾರ್ಯಕ್ರಮದಲ್ಲಿ ಹಚ್ಚುವುದಕ್ಕೆ ಮನೆಯವರು ಒಪ್ಪಿಗೆ ಕೊಟ್ಟಿದ್ದಾರೆ. ಹನ್ನೆರಡನೆಯದನ್ನೇ ಕೇಳಿಸುತ್ತೇನೆ, ಎರಡು ಟಕ್ ಸಮೇತ, ಆ ಕೊನೆಯ ಮಾತಿನವರೆಗೆ. ತಪ್ಪದೇ ಕೇಳಿ.